ಕೊನೇರು ಹಂಪಿ ಬಿಟ್ಟ ಎರಡು ವರ್ಷ

2024ರ ಡಿಸೆಂಬರ್‌ನಲ್ಲಿ ಭಾರತದ ಚೆಸ್‌ಗೆ ಎರಡು ದೊಡ್ಡ ಸುದ್ದಿ ಬಂದವು. 12ರಂದು ಸಿಂಗಪುರದಲ್ಲಿ 18 ವರ್ಷದ ಗುಕೇಶ್ ವಿಶ್ವ ಚಾಂಪಿಯನ್ ಆದರು. 28ರಂದು ನ್ಯೂಯಾರ್ಕ್‌ನಲ್ಲಿ ಕೊನೇರು ಹಂಪಿ ಮಹಿಳೆಯರ ವಿಶ್ವ ರ‍್ಯಾಪಿಡ್ ಪ್ರಶಸ್ತಿ ಗೆದ್ದರು. ಮೊದಲನೆಯದು ನಮ್ಮ ಕ್ಲಾಸಿನಲ್ಲಿ ಎಲ್ಲರಿಗೂ ಗೊತ್ತು. ಎರಡನೆಯದನ್ನು ಕೇಳಿದರೆ "ಹಂಪಿ ಅಂದ್ರೆ ಹೊಸಪೇಟೆ ಹತ್ತಿರದ್ದಾ?" ಅನ್ನುತ್ತಾರೆ. (ಅಲ್ಲ. ಅಪ್ಪ 'ಚಾಂಪಿಯನ್' ಪದದಿಂದ ಮಾಡಿಟ್ಟ ಹೆಸರು ಅದು.) ಗುಕೇಶ್ ಮೇಲೆ ನನಗೇನೂ ತಕರಾರಿಲ್ಲ. ಆದರೆ ನಮ್ಮ ಕಾಲೇಜಿನ ಹುಡುಗಿಯರು, ಅದಕ್ಕಿಂತ ಹೆಚ್ಚಾಗಿ ಅವರ ಮನೆಯವರು, ತಿಳಿದುಕೊಳ್ಳಬೇಕಾದದ್ದು ಹಂಪಿಯ ಆಟದ ಬದುಕು.

ಆಂಧ್ರದ ಗುಡಿವಾಡದಲ್ಲಿ 1987ರಲ್ಲಿ ಹುಟ್ಟಿದವರು. ಅಪ್ಪ ಕೊನೇರು ಅಶೋಕ್ ಉಪನ್ಯಾಸಕರ ಕೆಲಸ ಬಿಟ್ಟು ಮಗಳಿಗೆ ಕೋಚ್ ಆದರು. 2002ರಲ್ಲಿ, 15 ವರ್ಷ ತುಂಬಿ ಎರಡು ತಿಂಗಳೂ ಆಗಿರಲಿಲ್ಲ, ಹಂಪಿ ಗ್ರ್ಯಾಂಡ್‌ಮಾಸ್ಟರ್ ಆದರು. ಭಾರತದಲ್ಲಿ ಆ ಪಟ್ಟ ಪಡೆದ ಮೊದಲ ಮಹಿಳೆ. ಅಲ್ಲಿಯವರೆಗೆ ಹಂಗೇರಿಯ ಜೂಡಿತ್ ಪೋಲ್ಗರ್ ಹೆಸರಿನಲ್ಲಿದ್ದ ವಯಸ್ಸಿನ ದಾಖಲೆಯೂ ಮುರಿಯಿತು. ಪೋಲ್ಗರ್ ಬಿಟ್ಟರೆ 2600 ರೇಟಿಂಗ್ ದಾಟಿದ ಮೊದಲ ಮಹಿಳೆಯೂ ಇವರೇ. 2011ರಲ್ಲಿ ವಿಶ್ವ ಪಟ್ಟಕ್ಕಾಗಿ ಚೀನಾದ ಹೌ ಯಿಫಾನ್ ಎದುರು ಆಡಿ ಸೋತರು.

ಇಷ್ಟು ಸಾಮಾನ್ಯ ಜ್ಞಾನದ ಪುಸ್ತಕದಲ್ಲೂ ಸಿಗುತ್ತದೆ. ನನಗೆ ಮುಖ್ಯವಾದದ್ದು ಮುಂದಿನದು. 2014ರಲ್ಲಿ ಮದುವೆ, 2017ರಲ್ಲಿ ಮಗಳು. ಸುಮಾರು ಎರಡು ವರ್ಷ ಅವರು ಟೂರ್ನಿಗಳ ಕಡೆ ಬರಲಿಲ್ಲ. 2018ರಲ್ಲಿ ಜಾರ್ಜಿಯಾದ ಬಟೂಮಿ ಒಲಿಂಪಿಯಾಡ್‌ಗೆ ವಾಪಸ್ ಬಂದರು. ಮರುವರ್ಷವೇ ಮಾಸ್ಕೋದಲ್ಲಿ ವಿಶ್ವ ರ‍್ಯಾಪಿಡ್ ಚಾಂಪಿಯನ್. ಐದು ವರ್ಷದ ನಂತರ ನ್ಯೂಯಾರ್ಕ್‌ನಲ್ಲಿ ಮೊದಲ ಸುತ್ತಿನಲ್ಲೇ ಸೋತರೂ 11ಕ್ಕೆ 8.5 ಅಂಕ ಪಡೆದು ಮತ್ತೆ ಅದೇ ಪಟ್ಟ. ಅಂದರೆ ಅವರ ಎರಡೂ ವಿಶ್ವ ರ‍್ಯಾಪಿಡ್ ಪಟ್ಟಗಳು ಬಂದದ್ದು ತಾಯಿಯಾದ ಮೇಲೆ.

ನಮ್ಮ ಕಡೆ ಸೆಕೆಂಡ್ ಪಿಯುಸಿ ಮುಗಿಯುವ ಹೊತ್ತಿಗೆ ಹುಡುಗಿಗೆ ಹದಿನೆಂಟು. ರಿಶ್ತಾ ಬರಲು ಶುರು. "ಮದುವೆ ಆದ ಮೇಲೂ ಓದಬಹುದು" ಎಂದು ಎಲ್ಲರೂ ಹೇಳುತ್ತಾರೆ, ಕೆಲವರು ನಿಜವಾಗಿಯೂ ಓದಿಸುತ್ತಾರೆ. ನನ್ನ ಖಾಲಾನ ಮಗಳು, ನಮ್ಮ ಆಪಾ, ಬಿಕಾಂ ಎರಡನೇ ವರ್ಷದಲ್ಲಿ ಮಗು ಆಯಿತೆಂದು ಬಿಟ್ಟಳು. ಈಗ ಮಗು ಅಂಗನವಾಡಿಗೆ ಹೋಗುತ್ತದೆ. ಅವಳು ಮತ್ತೆ ಓದುತ್ತೇನೆ ಎಂದಾಗಲೆಲ್ಲ ಬರುವ ಉತ್ತರ ಒಂದೇ: "ಇನ್ನೇನು, ಗ್ಯಾಪ್ ಆಗೋಯ್ತಲ್ಲ." ಬೈದು ಹೇಳುವುದಿಲ್ಲ, ಪ್ರೀತಿಯಿಂದಲೇ ಹೇಳುತ್ತಾರೆ. ಅದಕ್ಕೇ ಎದುರು ಮಾತಾಡುವುದು ಕಷ್ಟ.

ಅಕೌಂಟೆನ್ಸಿಯಲ್ಲಿ ನಾವು ಸವಕಳಿ ಕಲಿಯುತ್ತೇವೆ. ಯಂತ್ರ ಸುಮ್ಮನೆ ನಿಂತಿದ್ದರೂ ವರ್ಷ ವರ್ಷ ಅದರ ಬೆಲೆ ಇಳಿಸಿ ಬರೆಯಬೇಕು. ಹೆಣ್ಣುಮಕ್ಕಳ ಓದಿಗೂ ಜನ ಇದೇ ಲೆಕ್ಕ ಹಾಕುತ್ತಾರೆ. ಚೆಸ್‌ನ ಫಿಡೆ ರೇಟಿಂಗ್ ಹಾಗಲ್ಲ. ಆಡದೆ ಇದ್ದರೆ ಹೆಸರಿನ ಮುಂದೆ ನಿಷ್ಕ್ರಿಯ ಎಂದು ಬೀಳುತ್ತದೆ, ಆದರೆ ಅಂಕ ಕಡಿಮೆಯಾಗುವುದಿಲ್ಲ. ವಾಪಸ್ ಬಂದ ದಿನ ಬಿಟ್ಟ ಅಂಕದಿಂದಲೇ ಆಟ ಶುರು. ಆಡಿದ ಆಟದ ಫಲಿತಾಂಶದಿಂದ ಮಾತ್ರ ಇಳಿಯುತ್ತದೆ. ನನಗೆ ಇದು ನ್ಯಾಯವಾಗಿ ಕಾಣುತ್ತದೆ.

ಹಾಗೆಂದು "ನೋಡಿ, ಹಂಪಿ ಮಾಡಿದರು, ನೀವೂ ಮಾಡಿ" ಎಂದು ಪೋಸ್ಟರ್ ಅಂಟಿಸುವುದು ನನಗೆ ಇಷ್ಟವಿಲ್ಲ. ಅವರಿಗೆ ಒಎನ್‌ಜಿಸಿಯ ಕೆಲಸ ಇತ್ತು. ಟೂರ್ನಿಗೆ ಹೋದಾಗ ಮಗಳನ್ನು ನೋಡಿಕೊಳ್ಳಲು ಅಪ್ಪ ಅಮ್ಮ ಇದ್ದರು. ನಮ್ಮ ಆಪಾಗೆ ಬುದ್ಧಿ ಕಡಿಮೆ ಇಲ್ಲ, ಮಧ್ಯಾಹ್ನ ಮೂರು ಗಂಟೆ ಮಗು ಹಿಡಿಯುವವರು ಇಲ್ಲ. ಛಲ, ಸಾಧನೆ ಎಂದು ಭಾಷಣ ಮಾಡುವವರು ಈ ಮೂರು ಗಂಟೆಯ ಲೆಕ್ಕ ಕೇಳುವುದೇ ಇಲ್ಲ.

ಇನ್ನೊಂದು ಲೆಕ್ಕ. 2025ರ ಜುಲೈನಲ್ಲಿ, ಅದೇ ಬಟೂಮಿಯಲ್ಲಿ, ಮಹಿಳಾ ವಿಶ್ವಕಪ್ ಫೈನಲ್‌ನಲ್ಲಿ ಇಬ್ಬರೂ ಭಾರತೀಯರು: 38ರ ಹಂಪಿ, 19ರ ದಿವ್ಯಾ ದೇಶ್‌ಮುಖ್. ದಿವ್ಯಾ ಟೈಬ್ರೇಕ್‌ನಲ್ಲಿ ಗೆದ್ದು ಗ್ರ್ಯಾಂಡ್‌ಮಾಸ್ಟರ್ ಆದರು. ಹಂಪಿ ಆ ಪಟ್ಟ ಪಡೆದಾಗ ದಿವ್ಯಾ ಇನ್ನೂ ಹುಟ್ಟೇ ಇರಲಿಲ್ಲ. ದಿವ್ಯಾ ಭಾರತದ 88ನೇ ಗ್ರ್ಯಾಂಡ್‌ಮಾಸ್ಟರ್, ಅವರಲ್ಲಿ ಮಹಿಳೆಯರು ನಾಲ್ವರೇ: ಹಂಪಿ, ಹಾರಿಕಾ, ವೈಶಾಲಿ, ದಿವ್ಯಾ. ಹಾರಿಕಾ 2022ರ ಚೆನ್ನೈ ಒಲಿಂಪಿಯಾಡ್‌ನಲ್ಲಿ ತುಂಬು ಗರ್ಭಿಣಿಯಾಗಿ ಆಡಿ ತಂಡದ ಜೊತೆ ಕಂಚು ತಂದರು. 88ಕ್ಕೆ 4 ಎಂಬುದು ಬುದ್ಧಿಯ ಲೆಕ್ಕ ಎಂದು ಯಾರಾದರೂ ಹೇಳಿದರೆ, ಮೊದಲು ಬೋರ್ಡ್ ಯಾರ ಕೈಯಲ್ಲಿದೆ ನೋಡಿ ಎನ್ನುತ್ತೇನೆ.

ನಮ್ಮಲ್ಲೇ ನೋಡಿ. ಸ್ಪೋರ್ಟ್ಸ್ ರೂಮಿನಲ್ಲಿ ನಾಲ್ಕು ಚೆಸ್ ಬೋರ್ಡ್ ಇವೆ, ಊಟದ ಬಿಡುವಿನಲ್ಲಿ ನಾಲ್ಕರಲ್ಲೂ ಹುಡುಗರು. ಈ ವರ್ಷ ಚೆಸ್‌ಗೆ ನಮ್ಮ ಕಾಲೇಜಿನಿಂದ ಒಬ್ಬ ಹುಡುಗಿಯ ಹೆಸರೂ ಹೋಗಲಿಲ್ಲ. ಆಟ ಬರುವುದಿಲ್ಲ ಎಂದಲ್ಲ. ಎಷ್ಟೋ ಮನೆಗಳಲ್ಲಿ ನಾನಿಯರಿಗೂ ಶತ್ರಂಜ್ ಗೊತ್ತು. ಅಂದಹಾಗೆ ಇಂಗ್ಲಿಷಿನವರು ಕ್ವೀನ್ ಎನ್ನುವ ಕಾಯಿ ನಮ್ಮ ಮನೆಯಲ್ಲಿ ವಜೀರ್, ಕನ್ನಡದಲ್ಲಿ ಮಂತ್ರಿ. ನಮ್ಮ ಎರಡೂ ಭಾಷೆಯ ಬೋರ್ಡಿನಲ್ಲಿ ಹೆಣ್ಣೇ ಇಲ್ಲ!

ಪ್ರಿನ್ಸಿಪಾಲ್ ಸರ್ ಮತ್ತು ಆಡಳಿತ ಮಂಡಳಿಯಲ್ಲಿ ಎರಡು ಮನವಿ. ನಾಲ್ಕರಲ್ಲಿ ಎರಡು ಬೋರ್ಡ್‌ಗಳನ್ನು ಲೇಡೀಸ್ ರೂಮಿಗೆ ಕೊಡಿ. ಇನ್ನೊಂದು ಸ್ವಲ್ಪ ದೊಡ್ಡದು: ಮದುವೆಯಾಗಿ ಓದು ಬಿಟ್ಟ ನಮ್ಮ ಹಳೆಯ ವಿದ್ಯಾರ್ಥಿನಿಯರು ಖಾಸಗಿ ಅಭ್ಯರ್ಥಿಯಾಗಿ ಸೆಕೆಂಡ್ ಪಿಯುಸಿ ಪರೀಕ್ಷೆ ಬರೆಯುವ ದಾರಿ ಇದೆ. ಎಷ್ಟೋ ಮನೆಗಳಿಗೆ ಇದು ಗೊತ್ತೇ ಇಲ್ಲ. ಪ್ರತಿವರ್ಷ ಅರ್ಜಿ ಕರೆಯುವ ಸಮಯದಲ್ಲಿ ಆಫೀಸಿನಿಂದ ಅವರ ಮನೆಗೆ ಒಂದು ಫೋನ್ ಮಾಡಿ. ಹೆಸರುಗಳ ಪಟ್ಟಿ ಬರೆದುಕೊಡಲು ನಾವು ಕಾಮರ್ಸ್ ಹುಡುಗಿಯರು ತಯಾರಿದ್ದೇವೆ.