ಚೌಕಟ್ಟಿನ ಹೊರಗುಳಿದ ಕೈ

2011ರ ‘ಹುಡುಗರು’ ಸಿನಿಮಾದಲ್ಲಿ ಪುನೀತ್ ತಂಗಿಯಾಗಿ ನಟಿಸಿದ ಅಭಿನಯಾ ಹುಟ್ಟಿನಿಂದಲೇ ಕಿವುಡರು. ಪರದೆಯ ಮೇಲೆ ಅದು ಗೊತ್ತಾಗುವುದಿಲ್ಲ, ದನಿ ಬೇರೆಯವರದು. ಡಬ್ಬಿಂಗ್ ನಮ್ಮಲ್ಲಿ ಮಾಮೂಲಿ, ಅದಿರಲಿ. ನನ್ನ ತಕರಾರು ಬೇರೆ: ಕಿವುಡರ ಕತೆಯನ್ನೇ ಹೇಳುವ ಸಿನಿಮಾಗಳಲ್ಲೂ ಸಾಮಾನ್ಯವಾಗಿ ಕ್ಯಾಮೆರಾ ಕಿವಿ ಕೇಳುವವರದ್ದೇ. ಒಬ್ಬರು ಮಾತಾಡುತ್ತಿರುವಾಗಲೇ ಅದು ಇನ್ನೊಬ್ಬರ ಮುಖಕ್ಕೆ ಹೊರಳುತ್ತದೆ. ದನಿ ಹಿಂದಿನಿಂದ ಬರುತ್ತಲೇ ಇರುತ್ತದಲ್ಲ! ಸನ್ನೆಭಾಷೆಯಲ್ಲಿ ಹಾಗೆ ಮಾಡಿದರೆ ಅರ್ಧ ವಾಕ್ಯ ಹೋಯಿತು. ಕ್ಲೋಸಪ್ಪಿನಲ್ಲಿ ಕೈ ಹೋಯಿತು, ದೂರದ ಶಾಟಿನಲ್ಲಿ ಹುಬ್ಬು ಹೋಯಿತು. ಹುಬ್ಬು ಬರೀ ಅಭಿನಯವಲ್ಲ, ವ್ಯಾಕರಣ. ಭಾರತೀಯ ಸನ್ನೆಭಾಷೆಯಲ್ಲಿ ಹುಬ್ಬೇರಿಸಿದರೆ ಹೇಳಿಕೆ ಪ್ರಶ್ನೆಯಾಗುತ್ತದೆ, ನಮ್ಮ ‘ಬಂದ’ ‘ಬಂದನಾ’ ಆದ ಹಾಗೆ.

1987ರಲ್ಲಿ ಆಸ್ಕರ್ ಗೆದ್ದ ಕಿವುಡ ನಟಿ ಮಾರ್ಲಿ ಮ್ಯಾಟ್ಲಿನ್ ಕುರಿತು 2025ರಲ್ಲಿ ಸಾಕ್ಷ್ಯಚಿತ್ರ ಮಾಡಿದ ಶೊಶಾನಾ ಸ್ಟರ್ನ್ ಕೂಡ ಕಿವುಡರು. ಇಬ್ಬರೂ ಸೋಫಾದ ಮೇಲೆ ಎದುರುಬದುರು ಕೂತು ತಮ್ಮ ಭಾಷೆಯಲ್ಲೇ ಮಾತಾಡಿಕೊಳ್ಳುತ್ತಾರೆ.

ನಮ್ಮ ಗೌರಿಬಿದನೂರು ತಾಲ್ಲೂಕಿನ ಅಲೀಪುರಕ್ಕೆ ತನ್ನದೇ ಸನ್ನೆಭಾಷೆಯಿದೆ. ಭಾಷಾವಿಜ್ಞಾನಿಗಳು ಅದನ್ನು ದಾಖಲಿಸಿದ್ದಾರೆ, ಊರಿನ ಕಿವಿ ಕೇಳುವವರಲ್ಲೂ ಅನೇಕರು ಅದನ್ನು ಬಲ್ಲರು. ಅಲ್ಲಿಯ ಕತೆಗೆ ಕ್ಯಾಮೆರಾ ಎಲ್ಲಿಡಬೇಕೆಂದು ಅಲ್ಲಿಯ ಕಿವುಡರೇ ಹೇಳಲಿ. ಕನ್ನಡ ಸಬ್‌ಟೈಟಲ್ ಬರೆದುಕೊಡಲು ನಮ್ಮಂಥವರು ಇದ್ದೇವೆ.