ದೋಣಿಗೆ ಎಷ್ಟು ಜನ? ಕೇಳಿಯೇ ಹತ್ತೋಣ

ದೋಣಿ ಮುಳುಗಿದ ಸುದ್ದಿ ಬಂದ ಕೂಡಲೇ ನಾವು ಮೊದಲು ಬೈಯುವುದು ಹೊಳೆಯನ್ನು. ಸುಳಿ ಇತ್ತಂತೆ, ಗಾಳಿ ಎದ್ದಿತಂತೆ, ಅವರ ಹಣೆಬರಹ ಅಂತ ಮಾತು ಮುಗಿಸುತ್ತೇವೆ. ಅಮೆರಿಕದ ಮಿಸಿಸಿಪ್ಪಿ ನದಿಯ ಉಗಿದೋಣಿಗಳ ಚರಿತ್ರೆ ಓದಿದ ಮೇಲೆ ಈ ಮಾತನ್ನು ಒಪ್ಪಲು ನಮಗೆ ಆಗುತ್ತಿಲ್ಲ.

ಸೌದೆ ಇಲ್ಲವೇ ಕಲ್ಲಿದ್ದಲು ಉರಿಸಿ, ಬಾಯ್ಲರಿನ ನೀರು ಕಾಯಿಸಿ, ಆ ಉಗಿಯ ಬಲದಿಂದ ದೊಡ್ಡ ಚಕ್ರ ತಿರುಗಿಸಿ ಸಾಗುವುದೇ ಉಗಿದೋಣಿ. 1807ರಲ್ಲಿ ರಾಬರ್ಟ್ ಫುಲ್ಟನ್ ನ್ಯೂಯಾರ್ಕಿನಿಂದ ಆಲ್ಬನಿಗೆ, ಸುಮಾರು 150 ಮೈಲಿ ದೂರವನ್ನು 32 ಗಂಟೆಯಲ್ಲಿ ಕ್ರಮಿಸಿ ತೋರಿಸಿದ. ನಾಲ್ಕೈದು ವರ್ಷದಲ್ಲೇ ಮಿಸಿಸಿಪ್ಪಿಗೂ ಉಗಿದೋಣಿ ಬಂತು. ಅಲ್ಲಿಯವರೆಗೆ ಪ್ರವಾಹದ ಜೊತೆ ಸರಕು ತೇಲಿಸಿಕೊಂಡು ಹೋಗುವುದು ಸುಲಭವಿತ್ತು, ಎದುರು ನೀರಿಗೆ ವಾಪಸ್ ಬರುವುದು ತಿಂಗಳುಗಟ್ಟಲೆಯ ಪಾಡಾಗಿತ್ತು. ಉಗಿದೋಣಿ ಅದನ್ನು ದಿನಗಳಿಗೆ ಇಳಿಸಿತು. ಗುಲಾಮರ ಬೆವರಿನಲ್ಲಿ ಬೆಳೆದ ಹತ್ತಿ ಪೇಟೆ ಸೇರಿದ್ದೂ ಇದೇ ದೋಣಿಗಳಲ್ಲಿ.

ಅಪಾಯವೂ ಜೊತೆಗೇ ಬಂತು. ನೀರಡಿಯಲ್ಲಿ ಅಡಗಿದ ಮರದ ಬೊಡ್ಡೆ ದೋಣಿಯ ತಳ ಸೀಳುತ್ತಿತ್ತು. ಕಿಡಿ ಹಾರಿದರೆ ಮರದ ದೋಣಿ ಪೂರ್ತಿ ಉರಿಯುತ್ತಿತ್ತು. ಎಲ್ಲಕ್ಕಿಂತ ಕೆಟ್ಟದ್ದು ಬಾಯ್ಲರ್. ನಿಮ್ಮ ಅಡುಗೆಮನೆಯ ಕುಕ್ಕರ್ ನೆನೆಸಿಕೊಳ್ಳಿ. ಒತ್ತಡ ಹೆಚ್ಚಾದರೆ ಹೊರಬಿಡಲು ಅದಕ್ಕೊಂದು ವಾಲ್ವ್ ಇದೆ. ಅದನ್ನೇ ಒತ್ತಿ ಹಿಡಿದರೆ? ಬೇರೆ ದೋಣಿಯನ್ನು ಹಿಂದೆ ಹಾಕುವ ಹಟಕ್ಕೆ ಆ ವಾಲ್ವಿನ ಮೇಲೆ ಭಾರ ಹೇರಿದವರೂ ಇದ್ದರು. 1838ರಲ್ಲಿ ಸಿನ್ಸಿನಾಟಿ ಬಳಿ 'ಮೊಸೆಲ್' ದೋಣಿಯ ಬಾಯ್ಲರ್ ಸಿಡಿದು ನೂರಕ್ಕೂ ಹೆಚ್ಚು ಜನ ಸತ್ತರು. ಅದೇ ವರ್ಷ ಕಾನೂನು ಬಂತು. ಅದು ಸಾಲದೆ 1852ರಲ್ಲಿ ಇನ್ನೂ ಬಿಗಿಯಾದ ಕಾನೂನು ಬಂತು: ಬಾಯ್ಲರ್ ಪರೀಕ್ಷೆ, ಇನ್‌ಸ್ಪೆಕ್ಟರುಗಳು, ದೋಣಿ ನಡೆಸುವವರಿಗೆ ಲೈಸೆನ್ಸ್.

ಹಾಗಾದರೆ ಸಾವು ನಿಂತಿತೇ? ಇಲ್ಲ. 1858ರಲ್ಲಿ 'ಪೆನ್ಸಿಲ್ವೇನಿಯಾ' ದೋಣಿ ಸಿಡಿದು ಲೇಖಕ ಮಾರ್ಕ್ ಟ್ವೇನನ ತಮ್ಮ ಹೆನ್ರಿ ತೀರಿಕೊಂಡ. ಅದಾಗಿ ಏಳು ವರ್ಷಕ್ಕೆ 'ಸುಲ್ತಾನಾ' ದುರಂತ ನಡೆಯಿತು.

1865ರ ಏಪ್ರಿಲ್. ಅಂತರ್ಯುದ್ಧ ಮುಗಿಯುತ್ತ ಬಂದಿತ್ತು. ಶತ್ರುಗಳ ಸೆರೆಯಿಂದ ಬಿಡುಗಡೆಯಾದ ಸೈನಿಕರು, ಹಸಿವಿನಿಂದ ಎಲುಬಿನ ಹಂದರವಾದವರು, ಊರಿಗೆ ಹೊರಟಿದ್ದರು. ಅವರನ್ನು ಸಾಗಿಸಲು ಸರ್ಕಾರ ತಲೆಗೆ ಇಷ್ಟು ಎಂದು ಹಣ ಕೊಡುತ್ತಿತ್ತು. ಸುಲ್ತಾನಾಗೆ ಕಾಗದದ ಮೇಲಿದ್ದ ಮಿತಿ 376 ಜನ. ಹತ್ತಿಸಿದ್ದು ಎರಡು ಸಾವಿರಕ್ಕೂ ಹೆಚ್ಚು. ವಿಕ್ಸ್‌ಬರ್ಗ್ ಘಾಟಿನಲ್ಲಿ ಬೇರೆ ದೋಣಿಗಳೂ ಇದ್ದವು, ಜಾಗವೂ ಇತ್ತು. ಆದರೂ ಒಂದಕ್ಕೇ ತುಂಬಿದರು. ಬಾಯ್ಲರ್ ಮೊದಲೇ ಕೆಟ್ಟಿತ್ತು. ಸರಿಯಾಗಿ ರಿಪೇರಿ ಮಾಡಿಸಿದರೆ ದಿನಗಳು ಹಿಡಿಯುತ್ತವೆ, ಜನ ಬೇರೆ ದೋಣಿಗೆ ಹೋಗುತ್ತಾರೆ ಎಂದು ತೇಪೆ ಹಾಕಿಸಿ ಹೊರಟರು. ಏಪ್ರಿಲ್ 27ರ ನಡುರಾತ್ರಿ ಕಳೆದು ಸುಮಾರು ಎರಡು ಗಂಟೆಗೆ, ಮೆಂಫಿಸ್ ದಾಟಿದ ಮೇಲೆ, ನಾಲ್ಕರಲ್ಲಿ ಮೂರು ಬಾಯ್ಲರ್ ಸಿಡಿದವು. ನದಿಗೆ ನೆರೆ ಬಂದಿತ್ತು, ನೀರು ಕೊರೆಯುತ್ತಿತ್ತು. ಸತ್ತವರ ಲೆಕ್ಕ ಒಬ್ಬೊಬ್ಬರದು ಒಂದೊಂದು. ತೀರ ಕಡಿಮೆ ಹೇಳುವವರ ಲೆಕ್ಕವೂ 1,100 ದಾಟುತ್ತದೆ. ಕೊನೆಗೆ ಯಾರಿಗೂ ಶಿಕ್ಷೆ ಆಗಲಿಲ್ಲ. ವಿಚಾರಣೆ ನಡೆದು ತಪ್ಪಿತಸ್ಥನೆನಿಸಿದ ಒಬ್ಬ ಅಧಿಕಾರಿಯ ತೀರ್ಪೂ ರದ್ದಾಯಿತು.

ಕಾನೂನು ಬಂದು 13 ವರ್ಷವಾಗಿತ್ತು, ಮಿತಿಯ ಅಂಕಿಯೂ ಇತ್ತು. ಹತ್ತಿಸುವಾಗ ಅದನ್ನು ಎತ್ತಿ ಹಿಡಿದು ಸಾಕು ಎನ್ನುವವರು ಇರಲಿಲ್ಲ. ಇಲ್ಲಿ ಹೊಳೆಯ ತಪ್ಪೇನು?

ನಮ್ಮ ಕಡೆ ಉಗಿದೋಣಿ ಇಲ್ಲ, ಡೀಸೆಲ್ ಇಂಜಿನ್ ಇದೆ. ತಲೆಗೆ ಇಷ್ಟು ಎಂಬ ಲೆಕ್ಕ ಮಾತ್ರ ಹಾಗೇ ಇದೆ. 2019ರ ಜನವರಿಯಲ್ಲಿ ಕಾರವಾರದ ಕೂರ್ಮಗಡ ಜಾತ್ರೆಯಿಂದ ಮರಳುತ್ತಿದ್ದ ದೋಣಿ ಮಗುಚಿ 16 ಜನ ಸತ್ತರು. 2023ರ ಮೇ ತಿಂಗಳಲ್ಲಿ ಕೇರಳದ ತಾನೂರಿನಲ್ಲಿ 22 ಜನ. ಎರಡು ಕಡೆಯೂ ಮಿತಿಮೀರಿ ಜನ ಹತ್ತಿದ್ದರು ಎಂದು ವರದಿಯಾಯಿತು. ಯಂತ್ರದ ದೋಣಿಗೆ ನೋಂದಣಿ, ತಪಾಸಣೆ ಬೇಕೆನ್ನುವ 2021ರ ಒಳನಾಡು ಹಡಗು ಕಾಯ್ದೆ ನಮ್ಮಲ್ಲೂ ಇದೆ.

"ಜನವೇ ನುಗ್ಗುತ್ತಾರೆ, ದೋಣಿಯವನು ಏನು ಮಾಡಿಯಾನು?" ಎಂದು ಕೇಳುವವರಿದ್ದಾರೆ. ಈ ಮಾತಿನಲ್ಲಿ ಅರ್ಧ ಸತ್ಯವಿದೆ. ಜಾತ್ರೆಯ ದಿನ ಸಾವಿರ ಜನರನ್ನು ಒಬ್ಬ ದೋಣಿಯವನು ತಡೆಯಲಾರ. ಅದಕ್ಕೇ ಆ ಹೊರೆಯನ್ನು ಅವನೊಬ್ಬನ ಹೆಗಲಿಗೆ ಹಾಕಬಾರದು ಎನ್ನುತ್ತೇವೆ. ಕಡವಿನಲ್ಲಿ ದೋಣಿಗೆ ಎಷ್ಟು ಜನ ಎಂದು ದೊಡ್ಡ ಅಕ್ಷರದಲ್ಲಿ, ಕನ್ನಡದಲ್ಲಿ ಬರೆಸಲಿ. ಜಾತ್ರೆಗೆ ಹೆಚ್ಚುವರಿ ದೋಣಿಯನ್ನೂ, ಎಣಿಸಿ ಬಿಡಲು ಒಬ್ಬರನ್ನೂ ತಾಲೂಕು ಆಡಳಿತ ಒದಗಿಸಲಿ. ಇದನ್ನು ಗ್ರಾಮಸಭೆಯಲ್ಲಿ ಕೇಳಿ, ನಡಾವಳಿ ಪುಸ್ತಕದಲ್ಲಿ ಬರೆಸಿ.

ಉಳಿದರ್ಧ ನಮ್ಮ ಪಾಲಿನದು. ಸುಲ್ತಾನಾದ ಸೈನಿಕರಿಗೆ ಒಲ್ಲೆ ಎನ್ನುವ ಅವಕಾಶ ಇರಲಿಲ್ಲ, ಅಪ್ಪಣೆ ಬಂದಂತೆ ಹತ್ತಿದರು. ನಮಗೆ ಆ ಅವಕಾಶ ಇದೆ. ಲೈಫ್ ಜಾಕೆಟ್ ಕೊಡದಿದ್ದರೆ ಕೇಳಿ ಹಾಕಿಕೊಳ್ಳೋಣ. ದೋಣಿ ತುಂಬಿದ್ದರೆ ಮಕ್ಕಳ ಕೈ ಹಿಡಿದು ದಡದಲ್ಲೇ ನಿಂತು, ಮುಂದಿನ ದೋಣಿಗೆ ಕಾಯೋಣ.