ಸೆರೆಮನೆಯಿಂದ ಇಟ್ಟಿಗೆ ಕದಲದು

ನವಿ ಮುಂಬಯಿಯ ರಬಾಳೆಯಿಂದ ಠಾಣೆಯ ಕಡೆಗೆ ಹೊರಟ ಲೋಕಲ್ಲು ಐರೋಳಿಯನ್ನು ದಾಟಿ, 2024ರ ಜನವರಿಯಲ್ಲಿ ತೆರೆದ ದಿಘಾಗಾಂವ್ ನಿಲ್ದಾಣವನ್ನು ಸೇರುವಷ್ಟರಲ್ಲಿ, ಪತ್ರಿಕೆ ಹಿಡಿದು ಕುಳಿತ ಯಾರಾದರೊಬ್ಬರು ಕೋರ್ಟಿನ ಆಜ್ಞೆಯಾದರೂ ತೆರವಾಗದ ಅನಧಿಕೃತ ಕಟ್ಟಡಗಳ ಮಾತೆತ್ತಿ, "ಪಾಲಿಕೆಯ ಕಮಿಷನರನ್ನು ಒಂದು ತಿಂಗಳು ಒಳಗೆ ಹಾಕಲಿ, ಎಲ್ಲ ತಾನಾಗಿ ನೆಟ್ಟಗಾಗುತ್ತದೆ" ಎಂದುಬಿಡುವುದು ವಾಡಿಕೆ. ಈ ಮಾತನ್ನು ನಾನು ಒಪ್ಪಲಾರೆ. ಅಧಿಕಾರಿಗಳ ಮೇಲಣ ಕನಿಕರದಿಂದಲ್ಲ, ನ್ಯಾಯಾಂಗ ನಿಂದನೆಯೆಂಬ ಅಸ್ತ್ರಕ್ಕೆ ಅದರ ಶಕ್ತಿಗೆ ಮೀರಿದ ಕಾರ್ಯವನ್ನು ನಾವು ಹೊರಿಸುತ್ತಿದ್ದೇವೆಂಬ ಕಾರಣದಿಂದ.

ದಿಘಾದ 99 ಅನಧಿಕೃತ ಕಟ್ಟಡಗಳ ತೆರವಿಗೆ ಬೊಂಬಾಯಿ ಉಚ್ಚ ನ್ಯಾಯಾಲಯವು ಆಜ್ಞೆಯಿತ್ತುದು 2015ರಲ್ಲಿ. ಆ ಪ್ರಕರಣವನ್ನು ಆಲಿಸಿದ ಅಭಯ ಓಕಾ ಅವರು ಠಾಣೆಯ ಕೋರ್ಟಿನಲ್ಲಿ ವಕೀಲಿ ಆರಂಭಿಸಿದವರು, 2019ರಲ್ಲಿ ನಮ್ಮ ಕರ್ನಾಟಕಕ್ಕೆ ಮುಖ್ಯ ನ್ಯಾಯಮೂರ್ತಿಗಳಾಗಿ ಬಂದವರು. ಎಂಐಡಿಸಿ, ಸಿಡ್ಕೊ ಎಂಬ ಸರಕಾರಿ ಸಂಸ್ಥೆಗಳ ಭೂಮಿಯಲ್ಲಿ ಕಟ್ಟಿ ಮಾರಿದವನು ಹಣ ಎಣಿಸಿಕೊಂಡು ಹೋಗಿಯಾಗಿತ್ತು, ಕೊಂಡವನು ಒಳಗಿದ್ದನು. ಮೀಟರು ಪೆಟ್ಟಿಗೆಗಳ ಮೇಲೆ ಅಂಟಿಸಿದ ತೆರವಿನ ನೋಟೀಸು, ಅದರ ಅಂಚನ್ನು ತಾಗುವಂತೆ ಒಣಹಾಕಿದ ಶಾಲೆಯ ಸಮವಸ್ತ್ರ—ಇಂಥದೊಂದು ಮೆಟ್ಟಿಲ ಬುಡದಲ್ಲಿ ನಿಂತವನಿಗೆ, ಇಲ್ಲಿ ನಿಂದಕನಾರು ಎಂಬ ಪ್ರಶ್ನೆ ಅಷ್ಟು ಸುಲಭವಾಗಿ ಬಗೆಹರಿಯದು.

ನಮ್ಮ ಶಬ್ದವೇ ನಮ್ಮನ್ನು ದಾರಿ ತಪ್ಪಿಸಿದೆಯೇನೋ. ನಾವು ನಿಂದನೆಯೆನ್ನುತ್ತೇವೆ, ಇಲ್ಲಿಯ ಮರಾಠಿಯವರು ಅವಮಾನವೆನ್ನುತ್ತಾರೆ. ಎರಡರಲ್ಲೂ ಬೈಗುಳದ ವಾಸನೆಯುಂಟೇ ಹೊರತು ಆಜ್ಞೋಲ್ಲಂಘನೆಯ ಸುಳಿವಿಲ್ಲ. 1971ರ ನ್ಯಾಯಾಂಗ ನಿಂದನೆಯ ಶಾಸನವಾದರೋ ಬುದ್ಧಿಪೂರ್ವಕವಾದ ಉಲ್ಲಂಘನೆಯನ್ನು ಸಿವಿಲ್ ನಿಂದನೆಯೆಂದು ಬೇರೆಯಾಗಿಯೇ ಹೇಳಿದೆ. ಗರಿಷ್ಠ ಶಿಕ್ಷೆ ಆರು ತಿಂಗಳ ಸೆರೆ, 2000 ರೂಪಾಯಿ ದಂಡ; ಕ್ಷಮಾಯಾಚನೆ ಪ್ರಾಮಾಣಿಕವೆಂದು ಕಂಡರೆ ಅದೂ ಇಲ್ಲ; ಒಂದು ವರ್ಷ ಕಳೆದರೆ ಸಾಮಾನ್ಯವಾಗಿ ಬಾಗಿಲೇ ಮುಚ್ಚುವುದು. ಪೊಲೀಸು ಬಂದೋಬಸ್ತು ಸಿಗಲಿಲ್ಲ, ಮಳೆಗಾಲ ಬಂದಿತು, ಕಡತ ಬೇರೆ ಇಲಾಖೆಯಲ್ಲಿದೆ ಎಂಬ ಮೂರು ಮಾತುಗಳ ಮುಂದೆ 'ಬುದ್ಧಿಪೂರ್ವಕ' ಎಂಬುದನ್ನು ಸ್ಥಾಪಿಸುವುದು ಎಷ್ಟು ಕಷ್ಟವೆಂಬುದನ್ನು ಯಾವ ವಕೀಲನಾದರೂ ಹೇಳಿಯಾನು.

ಸೆರೆಗೆ ಹೋದವರೇ ಇಲ್ಲವೆಂದಲ್ಲ. ಬೆಂಗಳೂರು ಪಾಲಿಕೆಯ ನೌಕರನೊಬ್ಬನ ಸೇವಾವಿಷಯದಲ್ಲಿ ಕರ್ನಾಟಕದ ಹಿರಿಯ ಅಧಿಕಾರಿ ಜೆ. ವಾಸುದೇವನ್ ಅವರಿಗೆ ಸರ್ವೋಚ್ಚ ನ್ಯಾಯಾಲಯವು 1995ರಲ್ಲಿ ಒಂದು ತಿಂಗಳ ಸೆರೆ ವಿಧಿಸಿತು. 2006ರಲ್ಲಿ, ಮರದ ಮಿಲ್ಲುಗಳ ವಿಷಯವಾಗಿ, ಮಹಾರಾಷ್ಟ್ರದ ಮಂತ್ರಿ ಸ್ವರೂಪಸಿಂಗ್ ನಾಯಿಕರಿಗೂ ಅಷ್ಟೇ. ಆದರೆ ಕಟ್ಟೋಣದ ವಿಷಯದಲ್ಲಿ ನನಗೆ ನೆನಪಾಗುವುದು ಅಯೋಧ್ಯೆಯ ಪ್ರಕರಣ. ಕಾಯಂ ಕಟ್ಟೋಣವಾಗದೆಂದು ನ್ಯಾಯಾಲಯಕ್ಕಿತ್ತ ವಚನವನ್ನು ಮುರಿದು 1992ರ ಜುಲೈಯಲ್ಲಿ ಕಾಂಕ್ರೀಟು ಜಗಲಿ ಎದ್ದುದಕ್ಕಾಗಿ ಆಗ ಉತ್ತರಪ್ರದೇಶದ ಮುಖ್ಯಮಂತ್ರಿಯಾಗಿದ್ದ ಕಲ್ಯಾಣಸಿಂಗರಿಗೆ ದೊರೆತುದು, ಅದೂ 1994ರ ಅಕ್ಟೋಬರಿನಲ್ಲಿ, ಒಂದು ದಿನದ ಸೆರೆ ಮತ್ತು 2000 ರೂಪಾಯಿ ದಂಡ. ಆ ದಿನ ಕಳೆಯಿತು. ಜಗಲಿಗೆ ಏನಾಯಿತೆಂದು ಕೇಳುವವರಿರಲಿಲ್ಲ.

ಇನ್ನೊಂದು ತೊಡಕು ಇದಕ್ಕಿಂತ ದೊಡ್ಡದು. 2015ರ ಡಿಸೆಂಬರ್ 31ರವರೆಗೆ ಎದ್ದ ಅನಧಿಕೃತ ಕಟ್ಟಡಗಳಿಗೆ ಸಕ್ರಮದ ದಾರಿ ತೆರೆಯಲೆಂದು ಮಹಾರಾಷ್ಟ್ರ ಸರಕಾರವು ನಗರರಚನಾ ಶಾಸನವನ್ನೇ ತಿದ್ದಿತು. ಶಾಸನ ಮಾಡುವುದು ನಿಂದನೆಯಾಗಲಾರದೆಂದು ಸರ್ವೋಚ್ಚ ನ್ಯಾಯಾಲಯವೇ 2025ರಲ್ಲಿ, ಛತ್ತೀಸಗಢದ ಪ್ರಕರಣದಲ್ಲಿ, ನುಡಿದಿದೆ, ಅದು ಸರಿಯೇ. ಹಾಗಾದರೆ ಆಜ್ಞೆಯನ್ನು ಮುರಿಯುವ ಗುಮಾಸ್ತನು ಅಪರಾಧಿ, ಆಜ್ಞೆಯ ಬುಡವನ್ನೇ ಸರಿಸುವ ಮಂತ್ರಿಮಂಡಲ ನಿರಪರಾಧಿ! ಲೋಕಲ್ಲಿನ ಡಬ್ಬಿಯ ಮಿತ್ರರು ಕಮಿಷನರನ್ನು ಒಳಗೆ ಹಾಕಿಸಿದ ಮೇಲೆ ಈ ಸಮಸ್ಯೆಗೆ ಯಾರನ್ನು ಒಳಗೆ ಹಾಕಿಸುವರೋ ತಿಳಿಯದು.

ನಿಂದನೆಯ ಅಧಿಕಾರವನ್ನೇ ಕಿತ್ತುಹಾಕಿರೆಂದು ನಾನು ಹೇಳುತ್ತಿಲ್ಲ. ಆ ಭಯವಿಲ್ಲದಿದ್ದರೆ ಕಡತಗಳು ಈಗಿನಷ್ಟೂ ಕದಲವು. ನನ್ನ ತಕರಾರು, ಮೂಲ ಆಜ್ಞೆಯಲ್ಲೇ ಹೇಳಬೇಕಾದುದನ್ನು ಹೇಳದೆ ಅನಂತರ ಶಿಕ್ಷೆಯಿಂದ ಸಾಧಿಸಹೊರಡುವ ಪದ್ಧತಿಯ ಮೇಲೆ. ನಿಂದನೆಯ ವಿಚಾರಣೆಯಲ್ಲಿ ನ್ಯಾಯಾಲಯವು ಮೂಲ ಆಜ್ಞೆಯ ಎಲ್ಲೆ ಮೀರಿ ಹೊಸದೇನನ್ನೂ ಕೊಡುವಂತಿಲ್ಲ. ಆದುದರಿಂದ ಯಾವ ಕಟ್ಟಡ, ಯಾವ ತಾರೀಖು, ಯಾವ ಅಧಿಕಾರಿ, ಒಳಗಿರುವವರಿಗೆ ಎಲ್ಲಿ ನೆರಳು, ಕಟ್ಟಿದವನ ಯಾವ ಆಸ್ತಿಯ ಜಪ್ತಿ—ಇವೆಲ್ಲ ಮೊದಲ ದಿನವೇ ಆಜ್ಞೆಯಲ್ಲಿ ಬರೆಯಲ್ಪಡಬೇಕು. ಬರೆದ ಪ್ರತಿಯನ್ನು ಮರಾಠಿಯಲ್ಲಿ, ಸಾಧ್ಯವಾದರೆ ಹಿಂದಿ, ಕನ್ನಡಗಳಲ್ಲಿಯೂ, ಕಟ್ಟಡದ ಬಾಗಿಲಿಗೆ ದೊಡ್ಡಕ್ಷರದಲ್ಲಿ ತೂಗಹಾಕಬೇಕು. ಕಲಬುರಗಿಯಿಂದ ಬಂದು ಕಾರಖಾನೆಯಲ್ಲಿ ದುಡಿದವನೊಬ್ಬ ನೋಟರಿ ಕಾಗದದ ಮೇಲೆ ಆ ಕಟ್ಟಡದ ಕೋಣೆಯೊಂದನ್ನು ಕೊಳ್ಳಲು ನಾಳೆ ಮುಂಗಡ ಹಿಡಿದುಕೊಂಡು ಬರುವವನಿದ್ದಾನೆ.